ಹನ್ನೆರಡು ತೂತು, ಒಂದು ಲಾರಿ

ನಮ್ಮ ಅಡುಗೆಮನೆಯ ಡ್ರಾಯರ್‌ಗಳಿಗೆ ಹಿಡಿಕೆ ಇರಲಿಲ್ಲ. ಕಿತ್ತುಹೋಗಿದ್ದಲ್ಲ. ಹಿಡಿಕೆ ಇಲ್ಲದಿರಲಿ ಅಂತಲೇ ಜಾಸ್ತಿ ದುಡ್ಡು ಕೊಟ್ಟಿದ್ದೆವು. 'ಹ್ಯಾಂಡಲ್‌ಲೆಸ್ ಸಾರ್, ಈಗ ಇದೇ ಟ್ರೆಂಡು' ಎಂದು ಇಂಟೀರಿಯರ್‌ನವರು ಹೇಳಿದಾಗ ನಾನೂ ತಲೆಯಾಡಿಸಿದ್ದೆ. ಒತ್ತಿದರೆ ಡ್ರಾಯರ್ ತಾನೇ ಹೊರಗೆ ಬರುತ್ತದೆ. ಅಮ್ಮ ದೋಸೆ ಹುಯ್ಯುವಾಗ ಸೊಂಟ ತಗುಲಿದರೂ ಬರುತ್ತದೆ. ಬೇಕೆಂದಾಗ ಮಾತ್ರ ಎಲ್ಲಿ ಒತ್ತಬೇಕೋ ಗೊತ್ತಾಗುವುದಿಲ್ಲ. ತುಮಕೂರಿನಿಂದ ಬಂದ ಸೋದರತ್ತೆ ಎಮ್ಮೆಯ ಮೈ ತಟ್ಟಿದ ಹಾಗೆ ಇಡೀ ಕಟ್ಟೆ ತಟ್ಟಿ, 'ಲೋ, ಚಮಚ ಎಲ್ಲಿ ಮಡಗಿದ್ದೀಯೋ?' ಎಂದರು. ಅವತ್ತೇ ತೀರ್ಮಾನವಾಯಿತು. ಆರು ಡ್ರಾಯರ್, ಆರು ಹಿಡಿಕೆ, ಹನ್ನೆರಡು ತೂತು.

ಬೆಂಗಳೂರಿನ ಹಾರ್ಡ್‌ವೇರ್ ಅಂಗಡಿಗಳ ಬೀದಿ ಎಸ್‌ಜೆಪಿ ರೋಡಿಗೆ ಹೋಗಿ ನಾಲ್ಕಿಂಚಿನ ಹಿಡಿಕೆ ಕೇಳಿದೆ. 'ತೊಂಬತ್ತಾರಾ, ನೂರಿಪ್ಪತ್ತೆಂಟಾ?' ಅಂದರು ಅಂಗಡಿಯವರು. ಎರಡು ಸ್ಕ್ರೂಗಳ ನಡುವೆ ಇರುವ ಮಿಲಿಮೀಟರ್ ಲೆಕ್ಕ ಅದು. 96, 128, 160. ಎಲ್ಲವೂ 32ರ ಮಗ್ಗಿ. ಯೂರೋಪಿನ ಕಾರ್ಖಾನೆಗಳು ಬೀರು ಮಾಡುವಾಗ 32 ಮಿ.ಮೀ.ಗೊಂದು ತೂತು ಕೊರೆಯುವ ಪದ್ಧತಿ ಮಾಡಿಕೊಂಡವು. ಅದಕ್ಕೇ ನಮ್ಮ ನಾಲ್ಕಿಂಚಿಗೆ ಇಲ್ಲಿ ಕವಡೆ ಕಿಮ್ಮತ್ತಿಲ್ಲ. 96 ತಂದೆ.

ಹಿಡಿಕೆ ಸಿಕ್ಕಿತು, ತೂತು ಸಿಗಲಿಲ್ಲ. ಅಪಾರ್ಟ್‌ಮೆಂಟಿನಲ್ಲಿ ಡ್ರಿಲ್ ಮಾಡಲು ಅಸೋಸಿಯೇಷನ್ ಪರ್ಮಿಟ್ ಬೇಕು. ಎರಡು ಪುಟದ ಫಾರಂ. 'ಯಾವ ಗೋಡೆ ಒಡೆಯುತ್ತೀರಿ?' 'ಕಸ ಸಾಗಿಸಲು ಎಷ್ಟು ಲಾರಿ ಲೋಡ್?' ಐದು ಮಿಲಿಮೀಟರ್ ತೂತಿನ ಮರದ ಪುಡಿ! ಸೊನ್ನೆ ಅಂತ ಬರೆದೆ. ಫಾರಂ ವಾಪಸ್ ಬಂತು. ಸೊನ್ನೆ ನಡೆಯಲ್ಲವಂತೆ, ಕನಿಷ್ಠ ಒಂದು ಬರೀಬೇಕಂತೆ. ಬರೆದೆ. ಲಿಫ್ಟಿಗೆ ಗೀರು ಬಿದ್ದರೆ ಇರಲಿ ಅಂತ 5,000 ರೂಪಾಯಿ ಡಿಪಾಸಿಟ್. ಬಡಗಿಯ ಆಧಾರ್ ಜೆರಾಕ್ಸ್, ಫೋಟೋ. ಡ್ರಿಲ್ ಸಮಯ ಬೆಳಿಗ್ಗೆ 10ರಿಂದ 1, ಶನಿವಾರ ಭಾನುವಾರ ಇಲ್ಲ. ಜನ ಮನೆಯಲ್ಲಿರುವ ಹೊತ್ತು ಸದ್ದು ಬೇಡ, ಅಲ್ವಾ? ಹಾಗಾಗಿ ನಾನು ಮನೆಯಲ್ಲಿರಲು ರಜೆ ಹಾಕಿದೆ.

ಆ ವಾರವೇ ಗೇಟಿನಾಚೆ ರಾತ್ರಿ 11ಕ್ಕೆ ಜೆಸಿಬಿ ಬಂತು. ಡಾಂಬರು ಹಾಕಿ ತಿಂಗಳಾಗದ ರಸ್ತೆಯನ್ನು ಉದ್ದಕ್ಕೂ ಬಗೆಯಿತು. ಕೇಬಲ್ಲೋ ಪೈಪೋ, ಯಾರಿಗೂ ಗೊತ್ತಿಲ್ಲ. ಯಾರೂ ಫಾರಂ ಕೇಳಲೂ ಇಲ್ಲ. ನಮ್ಮ ಸೆಕ್ರೆಟರಿ ಬಾಲ್ಕನಿಯಿಂದ ವಿಡಿಯೋ ತೆಗೆದು ವಾಟ್ಸ್ಯಾಪ್ ಗ್ರೂಪಿಗೆ ಹಾಕಿದರು: 'ಅಂತೂ ಕೆಲಸ ಶುರುವಾಯ್ತು!' ಅದರ ಕೆಳಗೇ ನನ್ನ ಮನೆ ನಂಬರ್: 'ಬುಧವಾರ ಡ್ರಿಲ್ಲಿಂಗ್ ಇದೆ. ವಯಸ್ಸಾದವರು, ಮಕ್ಕಳಿರುವವರು ಗಮನಿಸಿ.'

ಬುಧವಾರ ಬಡಗಿ ಬಂದರು. ಆ್ಯಪ್, ಓಟಿಪಿ, ಚೀಲದ ತಪಾಸಣೆ ಮುಗಿಯುವಾಗ 11:30. ಮೊದಲ ತೂತಿಗೆ ಸ್ಕ್ರೂ ಹಾಕಿದರೆ ಆ ಕಡೆ ಹಿಡಿಕೆಯನ್ನು ಮುಟ್ಟಲೇ ಇಲ್ಲ. ಹಿಡಿಕೆಯ ಜೊತೆ ಬರುವ ಸ್ಕ್ರೂ 18 ಮಿ.ಮೀ. ದಪ್ಪದ ಒಂದೇ ಹಲಗೆಗೆ ಸರಿ. ನಮ್ಮ ಡ್ರಾಯರ್‌ನ ಮುಂಭಾಗದಲ್ಲಿ ಒಂದರ ಹಿಂದೆ ಒಂದು ಎರಡು ಹಲಗೆ. ಉದ್ದದ ಸ್ಕ್ರೂ ತರಲು ಬಡಗಿ ಹೊರಗೆ ಹೋದರು. ಒಳಗೆ ಬರಲು ಮತ್ತೆ ಓಟಿಪಿ. 12:59ಕ್ಕೆ ಕೊನೆಯ ತೂತು ಕೊರೆಯುವಾಗ ಇಂಟರ್‌ಕಾಮ್ ಹೊಡೆದುಕೊಂಡಿತು: 'ಸಾರ್, ಟೈಮಾಯ್ತು.'

ಹಿಡಿಕೆ ಹಿಡಿದು ಎಳೆದೆ. ಡ್ರಾಯರ್ ಬರಲಿಲ್ಲ.

'ಒಳಗೆ ಪುಶ್ ಲಾಚ್ ಇದೆಯಲ್ಲ ಸಾರ್. ಒತ್ತಿದ್ರೇನೇ ಬಿಡೋದು. ಅದನ್ನ ಬಿಚ್ಚಬೇಕು' ಎಂದರು ಬಡಗಿ. ಸ್ಕ್ರೂಡ್ರೈವರ್ ಸಾಕಿತ್ತು. ಆದರೆ ಪರ್ಮಿಟ್‌ನಲ್ಲಿ ಇದ್ದದ್ದು 'ಜೋಡಿಸುವುದು'. ಬಿಚ್ಚುವುದಕ್ಕೆ ಬೇರೆ ಫಾರಂ.

ಈಗ ಮೊದಲಿನ ಹಾಗೇ ಒತ್ತುತ್ತೇವೆ, ಡ್ರಾಯರ್ ತಾನೇ ಬರುತ್ತದೆ. ಹಿಡಿಕೆಗಳ ಮೇಲೆ ಅಮ್ಮ ಮಸಿಬಟ್ಟೆ ಒಣಹಾಕಿದ್ದಾರೆ. ಡಿಪಾಸಿಟ್ ಇನ್ನೂ ಬಂದಿಲ್ಲ. ಫಾರಂನಲ್ಲಿ ಬರೆದ ಆ ಒಂದು ಲೋಡ್ ಸಾಗಿಸಿದ್ದಕ್ಕೆ ರಸೀದಿ ಬೇಕಂತೆ. ಮರದ ಪುಡಿಯನ್ನು ಲೋಟದಲ್ಲಿ ಹಾಕಿ ಸೂಪರ್‌ವೈಸರ್‌ಗೆ ತೋರಿಸಿದೆ. ಅವರು ಲೋಟದ ಫೋಟೋ ತೆಗೆದುಕೊಂಡು, 'ಲಾರಿ ನಂಬರ್ ಹೇಳಿ ಸಾರ್' ಎಂದರು.