ಟಾಕಿ ಬಂತು, ನಾಯಕ ಮಲಗಿದ

1931ರ ಮಾರ್ಚ್ 14, ಮುಂಬಯಿಯ ಮೆಜೆಸ್ಟಿಕ್ ಚಿತ್ರಮಂದಿರ. ನೂಕುನುಗ್ಗಲು ತಡೆಯಲು ಪೊಲೀಸರೇ ಬರಬೇಕಾಯಿತು. ನಾಲ್ಕಾಣೆಯ ಟಿಕೆಟ್ಟು ಬ್ಲ್ಯಾಕಿನಲ್ಲಿ ನಾಲ್ಕೈದು ರೂಪಾಯಿ. ಸತ್ತಿದ್ದ 78 ಮಂದಿ ಜೀವ ತಳೆದು ಮಾತಾಡುತ್ತಾರೆ, ಬಂದು ನೋಡಿ ಎಂದು ಭಾರತದ ಮೊದಲ ಟಾಕಿ, ಅಂದರೆ ಮಾತಾಡುವ ಚಿತ್ರ, ‘ಆಲಂ ಆರಾ’ದ ಜಾಹೀರಾತು ಕೂಗಿತ್ತು. ಎದ್ದವರಲ್ಲಿ ಒಬ್ಬರು ಮಾತ್ರ ಮತ್ತೆ ಮಲಗಿಬಿಟ್ಟಿದ್ದರು. ಅವರೇ ನಾಯಕ ಮಾಸ್ಟರ್ ವಿಠ್ಠಲ್.

ವಿಠ್ಠಲ್ ಸಾಮಾನ್ಯ ನಟರಲ್ಲ. ಕೊಲ್ಹಾಪುರದಲ್ಲಿ ಚಿತ್ರನಿರ್ದೇಶಕ ಬಾಬೂರಾವ್ ಪೇಂಟರ್ ಗರಡಿಯಲ್ಲಿ ಪಳಗಿ, ಶಾರದಾ ಕಂಪನಿಯ ಮೂಕಿಚಿತ್ರಗಳಲ್ಲಿ ಕತ್ತಿ ಬೀಸಿ, ಗೋಡೆ ಹಾರಿ, ಹಾಲಿವುಡ್ಡಿನ ಸಾಹಸ ನಟನ ಹೆಸರಲ್ಲಿ, ಭಾರತದ ಡಗ್ಲಸ್ ಫೇರ್‌ಬ್ಯಾಂಕ್ಸ್ ಅನ್ನಿಸಿಕೊಂಡವರು. ಕತ್ತಿ ಹಿಡಿಯಲು ಬಾಯಿ ಬೇಕಿರಲಿಲ್ಲ. ಇಂಪೀರಿಯಲ್ ಕಂಪನಿಯ ಅರ್ದೇಶಿರ್ ಇರಾನಿ ಟಾಕಿ ತೆಗೆಯುತ್ತೇನೆ ಬಾ ಅಂದಾಗ ಶಾರದಾದ ಕರಾರು ಮುರಿದು ಹೊರಟರು. ಶಾರದಾದವರು ಕೋರ್ಟಿಗೆ ಎಳೆದರು. ವಿಠ್ಠಲ್ ಪರ ನಿಂತು ಕೇಸು ಗೆದ್ದುಕೊಟ್ಟವರು ಬ್ಯಾರಿಸ್ಟರ್ ಮಹಮದ್ ಅಲಿ ಜಿನ್ನಾ. ಜಿನ್ನಾ ಅವರ ಉರ್ದು ಅಷ್ಟಕ್ಕಷ್ಟೇ ಎಂಬುದು ಜಗಜ್ಜಾಹೀರು. ಅಂದರೆ, ಉರ್ದು ಬಾರದ ನಟನಿಗೆ ಉರ್ದು ಚಿತ್ರದಲ್ಲಿ ನಟಿಸುವ ಹಕ್ಕನ್ನು ಉರ್ದು ಬಾರದ ವಕೀಲರು ಇಂಗ್ಲಿಷ್ ಕಾನೂನಿನ ಪ್ರಕಾರ ದೊರಕಿಸಿಕೊಟ್ಟರು. ನ್ಯಾಯ ಗೆದ್ದಿತು.

ಸೆಟ್ಟಿನಲ್ಲಿ ಬಾಯಿ ಬಿಟ್ಟಾಗ ಗೊತ್ತಾಯಿತು, ಮರಾಠಿ ನಾಲಿಗೆಗೆ ಹಿಂದೂಸ್ತಾನಿ ಹೊರಳುತ್ತಿಲ್ಲ. ಈ ಪಾತ್ರದ ಮೇಲೆ ಕಣ್ಣಿಟ್ಟಿದ್ದ ಮೆಹಬೂಬ್ ಎಂಬ ಹುಡುಗನನ್ನು, ಮಾರ್ಕೆಟ್ ಇಲ್ಲವೆಂದು ಆಗಲೇ ಪಕ್ಕಕ್ಕೆ ತಳ್ಳಿಯಾಗಿತ್ತು. (ಆತ ಮುಂದೆ ದೊಡ್ಡ ನಿರ್ದೇಶಕ ಮೆಹಬೂಬ್ ಖಾನ್ ಆದದ್ದು ಬೇರೆ ಮಾತು.) ಈಗೇನು ಮಾಡುವುದು? ಕಥಾನಾಯಕನಾದ ರಾಜಕುಮಾರನಿಗೆ ಮಂಪರು ಬರಿಸಿದರು! ಚಿತ್ರದ ಬಹುಪಾಲು ಆತ ಅರೆಪ್ರಜ್ಞೆಯಲ್ಲೇ ಇರುತ್ತಾನೆ. ಪಕ್ಕದ ಹಳಿಯ ರೈಲಿನ ಸದ್ದು ಮೈಕಿಗೆ ಬೀಳದಿರಲೆಂದು ಚಿತ್ರೀಕರಣ ನಡೆದದ್ದು ರಾತ್ರಿ ಒಂದರಿಂದ ನಾಲ್ಕರವರೆಗೆ. ಊರೆಲ್ಲ ಮಲಗಿದ ಮೇಲೆ ಎದ್ದು, ಗಿಡದ ಮರೆಯಲ್ಲೋ ಕಂಬದ ಹಿಂದೋ ಮೈಕು ಬಚ್ಚಿಟ್ಟು, ಉಸಿರು ಬಿಗಿಹಿಡಿದು ಇಡೀ ತಂಡ ಕಾಯುವುದು. ಕ್ಯಾಮೆರಾ ಮುಂದೆ ಹೀರೊ ನಿದ್ದೆ ಹೊಡೆಯುವುದು. ಮಾತು ಆಡಿದರೆ ಹೋಯ್ತು, ಮುತ್ತು ಒಡೆದರೆ ಹೋಯ್ತು ಎಂಬ ಗಾದೆಯನ್ನು ಇಷ್ಟು ಶ್ರದ್ಧೆಯಿಂದ ಪಾಲಿಸಿದ ನಾಯಕ ಇನ್ನೊಬ್ಬನಿಲ್ಲ.

ಇದೇ ಕಂಪನಿಯ ದೊಡ್ಡ ತಾರೆ ಸುಲೋಚನಾ, ಅಂದರೆ ರೂಬಿ ಮೈಯರ್ಸ್. ಅವರಿಗೂ ಹಿಂದೂಸ್ತಾನಿ ಬರುತ್ತಿರಲಿಲ್ಲ. ಅವರಿಗೂ ಒಂದು ಮಂಪರು, ಒಂದು ಮಂಚ ಕೊಡಬಹುದಿತ್ತಲ್ಲ? ಉಹೂಂ. ‘ಆಲಂ ಆರಾ’ದ ನಾಯಕಿಯ ಪಾತ್ರ ನಟಿ ಜುಬೇದಾಗೆ ಹೋಯಿತು. ಸುಲೋಚನಾ ಕೂತು ಭಾಷೆ ಕಲಿತು 1932ರಲ್ಲಿ ‘ಮಾಧುರಿ’ಯಲ್ಲಿ ಮರಳಿದರು. ಗಂಡಸಿಗೆ ಭಾಷೆ ಬಾರದಿದ್ದರೆ ಕಥೆ ಬದಲಾಗುತ್ತದೆ, ಹೆಂಗಸಿಗೆ ಬಾರದಿದ್ದರೆ ಹೆಂಗಸೇ ಬದಲಾಗುತ್ತಾಳೆ. ಚಿತ್ರರಂಗದ ಈ ಕಾಯ್ದೆಗೆ ಇಂದಿಗೂ ತಿದ್ದುಪಡಿ ಬಂದಿಲ್ಲ.

ನಮ್ಮ ಕನ್ನಡದ ಮೊದಲ ಟಾಕಿ ‘ಸತಿ ಸುಲೋಚನ’ 1934ರಲ್ಲಿ ಅದೇ ಕೊಲ್ಹಾಪುರದಲ್ಲಿ ತಯಾರಾದಾಗ ಸುಬ್ಬಯ್ಯ ನಾಯ್ಡು, ನಾಗೇಂದ್ರರಾಯರಂಥ ರಂಗಭೂಮಿಯ ಹುಲಿಗಳನ್ನೇ ಕರೆದೊಯ್ದಿದ್ದರು. ಪಾಪ, ಹಳೇ ಕಾಲದವರು, ಮಾತಾಡುವ ಚಿತ್ರಕ್ಕೆ ಮಾತು ಬರುವವರು ಬೇಕೆಂದು ನಂಬಿದ್ದರು. ಈಗ ಡಬ್ಬಿಂಗ್ ಇದೆ. ಮುಂಬಯಿಯಿಂದ ಇಳಿದ ನಾಯಕಿ ಕಣ್ತುಂಬ ನೀರು ತಂದುಕೊಂಡು ‘ವನ್ ಟೂ ತ್ರೀ ಫೋರ್’ ಎನ್ನುತ್ತಾಳೆ. ಪರದೆಯ ಮೇಲೆ ಅದು ‘ನಿನ್ನ ಬಿಟ್ಟು ನಾನು ಹೇಗೆ ಬದುಕಲಿ’ ಆಗಿರುತ್ತದೆ. ಹೆಚ್ಚು ಅಳು ಬೇಕಾದರೆ ಹತ್ತರವರೆಗೆ ಎಣಿಸಬೇಕು. ಕಂಠ ಕೊಟ್ಟ ಹುಡುಗಿಯ ಹೆಸರು, ಜನ ಎದ್ದು ಚಪ್ಪಲಿ ಹುಡುಕುವ ಹೊತ್ತಿಗೆ ಸರ್ರನೆ ಮೇಲೇರಿ ಹೋಗುತ್ತದೆ. ಆಮೇಲೆ ಪ್ರೆಸ್‌ಮೀಟಿನಲ್ಲಿ ‘ಎಲ್ಲಾರ್ಗೂ ನಮಸ್ಕಾರಾ, ಕನ್ನಡ ಸ್ವಲ್ಪ ಸ್ವಲ್ಪ ಬರತ್ತೆ’ ಅಂದರೆ ಮುಗಿಯಿತು, ಶಿಳ್ಳೆಯೋ ಶಿಳ್ಳೆ. ವಿಠ್ಠಲ್ ಅವಸರಪಟ್ಟು ಹುಟ್ಟಿದರು. ಇವತ್ತಾಗಿದ್ದರೆ ಅವರು ಐದು ಭಾಷೆಗಳಲ್ಲಿ ಏಕಕಾಲಕ್ಕೆ ಗರ್ಜಿಸುವ ಪ್ಯಾನ್ ಇಂಡಿಯಾ ಸ್ಟಾರ್.