ಸತ್ಯಾಂಶ: ವಜಾ ಆದೇಶವೇ ಕೊನೆಯ ಮಾತಲ್ಲ

ಸರಕಾರಿ ನೌಕರನನ್ನು ವಜಾ ಮಾಡಿದರೆ ಅದೇ ಅಂತಿಮ, ಪ್ರಶ್ನಿಸಲು ದಾರಿಯಿಲ್ಲ ಎಂಬ ಸಂದೇಶ ಕಾಸರಗೋಡಿನ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಆಗಾಗ ಸುತ್ತುತ್ತಿರುತ್ತದೆ. ಅದು ಸರಿಯಲ್ಲ. ಹಂಚುವವರ ಆತಂಕ ನಿಜವೇ. ಆದರೆ ಅದನ್ನು ನಂಬಿ ಸುಮ್ಮನೆ ಕುಳಿತವರಿಗೆ ಆದೇಶವನ್ನು ಪ್ರಶ್ನಿಸುವ ಅವಧಿ ಮೀರಿಹೋಗುತ್ತದೆ. ನನಗೆ ನೋವಾಗುವುದು ಅದಕ್ಕೇ.

ಸಂವಿಧಾನದ 311ನೇ ವಿಧಿಯಂತೆ, ನಾಗರಿಕ ಸೇವೆಯಲ್ಲಿರುವವರನ್ನು ನೇಮಕಾಧಿಕಾರಿಗಿಂತ ಕೆಳಗಿನವರು ವಜಾ ಮಾಡುವಂತಿಲ್ಲ. ಆರೋಪ ತಿಳಿಸಿ, ವಿಚಾರಣೆ ನಡೆಸಿ, ಉತ್ತರಿಸಲು ಅವಕಾಶ ಕೊಡಬೇಕು. ಕ್ರಿಮಿನಲ್ ಪ್ರಕರಣದಲ್ಲಿ ದೋಷಿಯೆಂದು ಸಾಬೀತಾದಂತಹ ಕೆಲವು ಸಂದರ್ಭಗಳಲ್ಲಿ ಮಾತ್ರ ವಿಚಾರಣೆ ಬೇಕಿಲ್ಲ. ವಜಾ ಆದೇಶ ಬಂದರೆ ಮೊದಲು ಇಲಾಖೆಯೊಳಗೆ ಮೇಲ್ಮನವಿ. ಬಳಿಕ ಸರಕಾರಿ ನೌಕರರ ಸೇವಾ ವಿವಾದಗಳನ್ನು ಕೇಳುವ ನ್ಯಾಯಮಂಡಳಿ: ರಾಜ್ಯ ನೌಕರರಿಗೆ ಕೇರಳ ಆಡಳಿತ ನ್ಯಾಯಮಂಡಳಿ, ಕೇಂದ್ರ ನೌಕರರಿಗೆ ಕೇಂದ್ರ ಆಡಳಿತ ನ್ಯಾಯಮಂಡಳಿ. ಅಲ್ಲಿಯ ತೀರ್ಪನ್ನೂ ಹೈಕೋರ್ಟಿನಲ್ಲಿ ಪ್ರಶ್ನಿಸಬಹುದು. ಅಂತಿಮ ಆದೇಶ ಬಂದ ಮೇಲೆ ನ್ಯಾಯಮಂಡಳಿಗೆ ಹೋಗಲು ಸಾಮಾನ್ಯವಾಗಿ ಒಂದು ವರ್ಷದ ಗಡುವಿದೆ.

ಇಂಥ ಸಂದೇಶ ಬಂದಾಗ ಕಾಯ್ದೆಯ ಹೆಸರು, ಸೆಕ್ಷನ್ ಸಂಖ್ಯೆ ಇದೆಯೇ ನೋಡಿ. ಕಾಯ್ದೆಗಳನ್ನು ಪ್ರಕಟಿಸುವ ಸರಕಾರಿ ಜಾಲತಾಣ ‘ಇಂಡಿಯಾ ಕೋಡ್’ನಲ್ಲಿ 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 20ನೇ (ಮೊದಲು ಇಲಾಖೆಯೊಳಗಿನ ಮೇಲ್ಮನವಿ) ಮತ್ತು 21ನೇ (ಗಡುವು) ಸೆಕ್ಷನ್‌ಗಳನ್ನು ಯಾರು ಬೇಕಾದರೂ ಓದಬಹುದು. ಆದೇಶ ಮಲಯಾಳದಲ್ಲಿದ್ದರೆ ಬಲ್ಲವರಿಂದ ಓದಿಸಿ: ಸಹಿ ಯಾರದು, ಯಾವ ನಿಯಮದಡಿ, ಯಾವ ತಾರೀಕು. ಅಂಚೆ ಮುದ್ರೆಯಿರುವ ಲಕೋಟೆಯನ್ನೂ ಎಸೆಯದೆ ಇಟ್ಟುಕೊಳ್ಳಿ. ವಕೀಲರಿಗೆ ಹಣವಿಲ್ಲದವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಉಚಿತ ನೆರವಿಗೆ ಅರ್ಜಿ ಹಾಕಬಹುದು.