ಗಾದೆ ವಿಸ್ತರಿಸಿ ಬರೆಯಿರಿ (ಅಂಕ: ಒಂದು ಜೀವ)

ಹತ್ತನೇ ಕ್ಲಾಸಿನ ಕನ್ನಡ ಪೇಪರ್ ನೆನಪಿದೆಯಾ? ‘ಕೆಳಗಿನ ಗಾದೆಗಳಲ್ಲಿ ಒಂದನ್ನು ವಿಸ್ತರಿಸಿ ಬರೆಯಿರಿ.’ ಅರ್ಥ ಗೊತ್ತಿಲ್ಲದಿದ್ದರೂ ನಮ್ಮ ಹತ್ತಿರ ರೆಡಿಮೇಡ್ ಸಾಲೊಂದಿತ್ತು: ‘ಗಾದೆಗಳು ವೇದಕ್ಕೆ ಸಮಾನ. ವೇದ ಸುಳ್ಳಾದರೂ ಗಾದೆ ಸುಳ್ಳಾಗದು.’ ಅಷ್ಟು ಬರೆದರೆ ಮೇಷ್ಟ್ರು ಒಂದು ಮಾರ್ಕಾದರೂ ಹಾಕುತ್ತಿದ್ದರು. ಹೆಚ್ಚೆಂದರೆ ಫೇಲಾಗುತ್ತಿದ್ದೆವು. ಪ್ರಾಣವೇನೂ ಹೋಗುತ್ತಿರಲಿಲ್ಲ.

1977ರಲ್ಲಿ ಅಮೆರಿಕದ ಟೆಕ್ಸಾಸಿನಲ್ಲಿ ಇದೇ ಪ್ರಶ್ನೆ ಬಂತು. ಉತ್ತರ ಕೊಡಬೇಕಿದ್ದವರು ರ‍್ಯಾಂಡಲ್ ಡೇಲ್ ಆಡಮ್ಸ್. ಡಲ್ಲಾಸಿನ ಪೊಲೀಸ್ ಒಬ್ಬರನ್ನು ಕೊಂದ ಆರೋಪ ಅವರ ಮೇಲಿತ್ತು. ಪೇಪರ್ ಹಿಡಿದು ಜೈಲಿಗೆ ಬಂದವರು ಮನೋವೈದ್ಯ ಜೇಮ್ಸ್ ಗ್ರಿಗ್ಸನ್. ‘ಉರುಳುವ ಕಲ್ಲಿಗೆ ಪಾಚಿ ಕಟ್ಟದು’ ಅಂದರೇನು? ‘ಕೈಯಲ್ಲಿರುವ ಒಂದು ಹಕ್ಕಿ ಪೊದೆಯಲ್ಲಿರುವ ಎರಡಕ್ಕೆ ಸಮ’ ಅಂದರೇನು? ಜೊತೆಗೆ ಒಂದಿಷ್ಟು ಗೆರೆ ಚಿತ್ರ. ಎಲ್ಲ ಸೇರಿ ಹದಿನೈದು ಇಪ್ಪತ್ತು ನಿಮಿಷ. ನಮ್ಮಲ್ಲಿ ಬಿಪಿ ನೋಡಿಸಿಕೊಳ್ಳಲು ಅದಕ್ಕಿಂತ ಜಾಸ್ತಿ ಹೊತ್ತು ಬೆಂಚಿನ ಮೇಲೆ ಕೂರಬೇಕು.

ಡಾಕ್ಟ್ರು ಕೋರ್ಟಿಗೆ ಹೋಗಿ ಫಲಿತಾಂಶ ಹೇಳಿದರು. ಈತ ತೀರಾ ಮುಂದುವರಿದ ಸೋಶಿಯೋಪಾತ್ (ಅಂದರೆ ಆತ್ಮಸಾಕ್ಷಿಯೇ ಇಲ್ಲದವ), ಬಿಟ್ಟರೆ ಮತ್ತೆ ಅಪಾಯ ತಪ್ಪಿದ್ದಲ್ಲ. ಆರೋಪಿ ಮುಂದೆಯೂ ಅಪಾಯಕಾರಿ ಅಂತ ಜ್ಯೂರಿಗೆ ಅನಿಸಿದರೆ ಮಾತ್ರ ಟೆಕ್ಸಾಸಿನಲ್ಲಿ ಮರಣದಂಡನೆ. ಅನಿಸಿತು, ಕೊಟ್ಟರು. ‘ನಾನು ಕೊಂದಿಲ್ಲ’ ಅಂತ ಆಡಮ್ಸ್ ಹೇಳುತ್ತಲೇ ಇದ್ದರು. ಅದೇ ತಪ್ಪಾಗಿದ್ದು ನೋಡಿ. ಮಾಡದ ಕೊಲೆಗೆ ಪಶ್ಚಾತ್ತಾಪ ಎಲ್ಲಿಂದ ತರುವುದು? ಪಶ್ಚಾತ್ತಾಪ ಇಲ್ಲದಿರುವುದು ಈ ಕಾಯಿಲೆಯ ಹೆಸರಾಂತ ಲಕ್ಷಣ. ನಿರಪರಾಧಿ ಈ ಪ್ರಶ್ನೆಯಲ್ಲಿ ಫುಲ್ ಮಾರ್ಕ್ಸ್ ತೆಗೆಯುವುದು ಗ್ಯಾರಂಟಿ.

ಮರಣದಂಡನೆ ಹೇಗೋ ತಪ್ಪಿತು. ಹನ್ನೆರಡು ವರ್ಷ ಒಳಗೆ ಕೊಳೆತ ಮೇಲೆ, 1989ರಲ್ಲಿ ಶಿಕ್ಷೆ ರದ್ದಾಗಿ ಆಡಮ್ಸ್ ಹೊರಗೆ ಬಂದರು. ಬಂದವರು ಯಾರನ್ನೂ ಕೊಲ್ಲಲು ಹೋಗಲಿಲ್ಲ. ಮರಣದಂಡನೆ ಬೇಡ ಅಂತ ಭಾಷಣ ಮಾಡಿಕೊಂಡು ಓಡಾಡಿದರು. ಇನ್ನು ಅವರ ವಿರುದ್ಧ ಮುಖ್ಯ ಸಾಕ್ಷಿ ಹೇಳಿದ್ದ ಹುಡುಗ, ಕೊಲೆಯಾದಾಗ ಅವನಿಗೆ 16 ವರ್ಷ, ಮುಂದೆ ಬೇರೊಂದು ಕೊಲೆ ಮಾಡಿ ತಾನೇ ಮರಣದಂಡನೆಗೆ ಗುರಿಯಾದ. ಗಾದೆ ಪೇಪರನ್ನು ಅವನಿಗೂ ಒಂದು ಕೊಡಬೇಕು ಅಂತ ಆಗ ಯಾರಿಗೂ ಹೊಳೆದಿರಲಿಲ್ಲ.

ಆಡಮ್ಸ್ ಅವರನ್ನು ಇಪ್ಪತ್ತು ನಿಮಿಷವಾದರೂ ನೋಡಿದ್ದರು ಅನ್ನಿ. ಥಾಮಸ್ ಬೇರ್‌ಫುಟ್ ಎಂಬ ಇನ್ನೊಬ್ಬ ಕೊಲೆ ಆರೋಪಿಯನ್ನು ಗ್ರಿಗ್ಸನ್ ಭೇಟಿಯೇ ಆಗಲಿಲ್ಲ. ‘ಇಂಥಿಂಥ ಮನುಷ್ಯ ಇದ್ದಾನೆ ಅಂದುಕೊಳ್ಳಿ’ ಅಂತ ಸರ್ಕಾರಿ ವಕೀಲರು ಕಥೆ ಹೇಳಿದರು, ಇವರು ಕುಂತಲ್ಲೇ ರೋಗ ಹೇಳಿದರು. ಒಂದರಿಂದ ಹತ್ತರ ಅಳತೆಯಲ್ಲಿ ಎಷ್ಟು ಡಾಕ್ಟ್ರೇ? ಹತ್ತಕ್ಕಿಂತ ಮೇಲೆ! ಹತ್ತಕ್ಕೆ ಹನ್ನೊಂದು ಕೊಡುವ ಮೇಷ್ಟ್ರನ್ನು ನಾನಂತೂ ಎಲ್ಲೂ ಕಂಡಿಲ್ಲ. ಮುಂದೆ ಮತ್ತೆ ಹಿಂಸೆ ಮಾಡುವ ಸಾಧ್ಯತೆ? ನೂರಕ್ಕೆ ನೂರು. ಬೇರ್‌ಫುಟ್ ಸಾಚಾ ಅಂತ ನಾನು ವಾದಿಸುತ್ತಿಲ್ಲ. ಆದರೆ ಮುಖ ನೋಡದೆ ಭವಿಷ್ಯ ಹೇಳಲು ನಮ್ಮ ಜೋಯಿಸರಿಗೂ ಜಾತಕ ಬೇಕಾಗುತ್ತದೆ, ಅಲ್ವಾ?

ಕೇಸು ಸುಪ್ರೀಂ ಕೋರ್ಟಿಗೆ ಹೋಯಿತು. ಅಮೆರಿಕದ ಮನೋವೈದ್ಯರ ಸಂಘವೇ ಬಂದು, ‘ಸ್ವಾಮಿ, ದೂರದ ಭವಿಷ್ಯದ ವಿಷಯದಲ್ಲಿ ನಮ್ಮ ಊಹೆ ಮೂರರಲ್ಲಿ ಎರಡು ಸಲ ತಪ್ಪಾಗುತ್ತದೆ’ ಎಂದು ಒಪ್ಪಿಕೊಂಡಿತು. 1983ರಲ್ಲಿ ಬಹುಮತದ ತೀರ್ಪು ಬಂತು. ಅದರ ಸಾರ: ಯಾವಾಗಲೂ ತಪ್ಪಾಗುತ್ತದೆ ಅಂತ ಯಾರೂ ಹೇಳುತ್ತಿಲ್ಲವಲ್ಲ, ಬಹಳಷ್ಟು ಸಲ ಅಷ್ಟೇ ತಾನೇ, ಸಾಕ್ಷಿ ನಡೆಯಲಿ. ಮುಂದಿನ ವರ್ಷ ಬೇರ್‌ಫುಟ್ ಕಥೆ ಮುಗಿಯಿತು. ನಮ್ಮ ಕಾಲದಲ್ಲಿ ನೂರಕ್ಕೆ 33 ತೆಗೆದವನಿಗೆ ಪಾಸಾಗಲು ಎರಡು ಗ್ರೇಸ್ ಮಾರ್ಕ್ಸ್ ಬೇಕಿತ್ತು. ಅಲ್ಲಿ ಅಷ್ಟಕ್ಕೇ ತಜ್ಞ.

ಈಗ ಪೇಪರ್ ಸುಧಾರಿಸಿದೆ, ಒಪ್ಪುತ್ತೇನೆ. ಡಿಎಸ್‌ಎಂ ಅಂತ ಆ ಸಂಘದ್ದೇ ಒಂದು ದಪ್ಪ ಪುಸ್ತಕವಿದೆ. ಕಾಯಿಲೆಗಳ ಅದರ ಮುಖ್ಯ ಪಟ್ಟಿಯಲ್ಲಿ ಸೈಕೋಪಾತ್ ಅಥವಾ ಸೋಶಿಯೋಪಾತ್ ಎಂಬ ರೋಗವೇ ಇಲ್ಲ. ಟಿವಿಯವರಿಗೆ ದಯವಿಟ್ಟು ಹೇಳಬೇಡಿ, ಸಂಜೆಯ ಕಾರ್ಯಕ್ರಮವೇ ನಿಂತುಹೋಗುತ್ತದೆ. ಇರುವುದು ಆ್ಯಂಟಿಸೋಶಿಯಲ್ ವ್ಯಕ್ತಿತ್ವದ ತೊಂದರೆ. ಮದುವೆ ಮನೆಗೆ ಬರದೆ ‘ನಾನು ಸ್ವಲ್ಪ ಆ್ಯಂಟಿಸೋಶಿಯಲ್’ ಅನ್ನುವ ನಿಮ್ಮ ಅಕ್ಕನ ಮಗಳಿಗೂ ಇದಕ್ಕೂ ಸಂಬಂಧವಿಲ್ಲ. ಏಳು ಲಕ್ಷಣ ಕೊಟ್ಟಿದ್ದಾರೆ: ಕಾನೂನು ಮುರಿಯುವುದು, ಮೋಸ, ಮುಂದಾಲೋಚನೆ ಇಲ್ಲದ ನಡೆ, ಜಗಳ, ಸುರಕ್ಷತೆಯ ಬಗ್ಗೆ ಉಡಾಫೆ, ಬೇಜವಾಬ್ದಾರಿ, ಪಶ್ಚಾತ್ತಾಪವಿಲ್ಲದಿರುವುದು. ‘ಬೇಕಾದ ಮೂರಕ್ಕೆ ಉತ್ತರಿಸಿ.’ ಒಬ್ಬ ಮೊದಲ ಮೂರು, ಇನ್ನೊಬ್ಬ ಕೊನೆಯ ಮೂರು ಆರಿಸಿಕೊಂಡರೆ ಇಬ್ಬರ ನಡುವೆ ಒಂದೇ ಒಂದು ಲಕ್ಷಣವೂ ಸಮಾನ ಇರುವುದಿಲ್ಲ. ಕಾಯಿಲೆ ಮಾತ್ರ ಒಂದೇ. ಜೊತೆಗೆ ವಯಸ್ಸು 18 ತುಂಬಿರಬೇಕು, 15ರ ಒಳಗೇ ಪೋಕರಿತನ ಶುರುವಾಗಿರಬೇಕು. ಸ್ಕೂಲಲ್ಲಿ ಮುಂದಿನ ಬೆಂಚಲ್ಲಿ ಕೂತು, ಮೇಷ್ಟ್ರ ಬೋರ್ಡು ಒರೆಸಿಕೊಟ್ಟು, ಮೂವತ್ತಕ್ಕೆ ಚೀಟಿ ದುಡ್ಡು ಎತ್ತಿಕೊಂಡು ಪರಾರಿಯಾದವನು ಪರೀಕ್ಷೆಗೆ ಕೂರಲೂ ಅರ್ಹನಲ್ಲ.

ಸೈಕೋಪಾತ್ ಅಂತಲೇ ಸರ್ಟಿಫಿಕೇಟ್ ಬೇಕಿದ್ದರೆ ಕೆನಡಾದ ಮನಶ್ಶಾಸ್ತ್ರಜ್ಞ ರಾಬರ್ಟ್ ಹೇರ್ ಮಾಡಿದ ಪಟ್ಟಿಯಿದೆ. 20 ಪ್ರಶ್ನೆ, ತಲಾ 2 ಅಂಕ, ಒಟ್ಟು 40. ಅಮೆರಿಕದಲ್ಲಿ 30 ಬಂದರೆ ಸೈಕೋಪಾತ್. ಬ್ರಿಟನ್ನಿನಲ್ಲಿ ಹೆಚ್ಚಾಗಿ 25 ಸಾಕು. ಹಾಗಾದರೆ 27 ತೆಗೆದವನು ಲಂಡನ್ನಿನಲ್ಲಿ ವಿಮಾನ ಹತ್ತಿ ನ್ಯೂಯಾರ್ಕಿನಲ್ಲಿ ಇಳಿದರೆ ಗುಣವಾದ ಹಾಗೆ. ಔಷಧಿಯೂ ಬೇಡ, ಪಥ್ಯವೂ ಬೇಡ.

ಅಂಕ ಹಾಕುವವರ ಕಥೆಯೂ ಕೇಳಿ. 2013ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ನೂರಕ್ಕೂ ಹೆಚ್ಚು ತಜ್ಞರಿಗೆ ದುಡ್ಡು ಕೊಟ್ಟು ಒಂದೇ ಥರದ ಫೈಲುಗಳನ್ನು ಕೊಟ್ಟರು. ಕೆಲವರಿಗೆ ‘ನಿಮ್ಮನ್ನು ಕರೆಸಿದ್ದು ಸರ್ಕಾರಿ ವಕೀಲರು’ ಅಂದರು, ಉಳಿದವರಿಗೆ ‘ಆರೋಪಿ ಕಡೆಯವರು’ ಅಂದರು. ಎರಡೂ ಸುಳ್ಳು. ಸರ್ಕಾರದ ಕಡೆ ಅಂದುಕೊಂಡವರ ಅಂಕ ಮೇಲೆ ಹೋಯಿತು, ಆರೋಪಿಯ ಕಡೆ ಅಂದುಕೊಂಡವರದು ಕೆಳಗೆ ಬಂತು. ಎಲ್ಲರೂ ಹಾಗಲ್ಲ, ಆದರೆ ಸಾಕಷ್ಟು ಜನ. ಯಾರ ಮನೆಯ ಕಾಫಿ ಕುಡಿದೆವು ಅನ್ನುವುದರ ಮೇಲೆ ನಮ್ಮ ಪಂಚಾಯ್ತಿ ಕಟ್ಟೆಯಲ್ಲೂ ನ್ಯಾಯ ಹೀಗೇ ವಾಲುತ್ತದೆ. ನಾವು ಅದಕ್ಕೆ ಅಂಕಪಟ್ಟಿ ಇಟ್ಟುಕೊಂಡಿಲ್ಲ ಅಷ್ಟೇ.

ಮತ್ತೆ ಗ್ರಿಗ್ಸನ್ ಏನಾದರು? ಪರೀಕ್ಷೆ ಮಾಡದೆ ರೋಗ ಹೇಳುತ್ತಾರೆ, ನೂರಕ್ಕೆ ನೂರು ಖಾತ್ರಿ ಕೊಡುತ್ತಾರೆ ಅಂತ 1995ರಲ್ಲಿ ಸಂಘ ಅವರನ್ನು ಹೊರಹಾಕಿತು. ಅಷ್ಟರಲ್ಲಿ ಮರಣದಂಡನೆಯ ನೂರಕ್ಕೂ ಹೆಚ್ಚು ಕೇಸುಗಳಲ್ಲಿ ಸಾಕ್ಷಿ ಹೇಳಿಯಾಗಿತ್ತು. ಜನ ‘ಡಾಕ್ಟರ್ ಡೆತ್’ ಅನ್ನುತ್ತಿದ್ದರು. ಹೊರಹಾಕಿದ ಮೇಲೂ ಅವರು ಸಾಕ್ಷಿ ಹೇಳುವುದನ್ನು ನಿಲ್ಲಿಸಲಿಲ್ಲ.

ಹೇರ್ ಅವರ ಪಟ್ಟಿ ಮುಂದಿಟ್ಟುಕೊಂಡು ಕೂತಿದ್ದೇನೆ. ಮೋಡಿ ಮಾಡುವ ಮಾತು. ತನ್ನ ಬಗ್ಗೆ ಭಾರೀ ಅಭಿಮಾನ. ತಪ್ಪಿನ ಹೊಣೆ ಹೊರದಿರುವುದು. ತಲಾ ಎರಡೆರಡು ಅಂಕ ಹಾಕಲು ಕೈ ತುರಿಸುತ್ತಿದೆ. ಆದರೆ ಏನು ಮಾಡಲಿ, ಆ ಡಾಕ್ಟ್ರನ್ನು ನಾನು ಒಮ್ಮೆಯೂ ಭೇಟಿಯಾಗಿಲ್ಲ.